ಗೋಣಿಚೀಲದ ಬಸವಂತರಾಯರು ತೋರಿಸಿದ ತಮಿಳು ಸಿನಿಮಾ

ಸಿಂಧನೂರಿನಲ್ಲಿ ಗೋಣಿಚೀಲದ ಅಂಗಡಿ ಇಟ್ಟಿರುವ ಬಸವಂತರಾಯರದು ನೇರ ಬಾಯಿ. ಮಸ್ಕಿ, ಲಿಂಗಸುಗೂರು ಕಡೆ ಯಾರ ಮನೆಯಲ್ಲಿ ಅಣ್ಣತಮ್ಮಂದಿರು ಜಗಳಾಡಿದರೂ ಬುದ್ಧಿ ಹೇಳಲು ಇವರೇ ಬೇಕು. "ಇದ್ದದ್ದು ಇದ್ದಂಗ ಹೇಳಿದ್ರ ಎದ್ದು ಬಂದು ಎದಿಗೆ ಒದ್ದರಂತ. ಒದೀಲಿ ಬಿಡ್ರಿ!" ಎಂದು ಎದೆಯುಬ್ಬಿಸುತ್ತಾರೆ. ಆದರೆ ಸ್ವಂತ ಮನೆಯಲ್ಲಿ ಆಡಬೇಕಾದ ಒಂದೇ ಒಂದು ಮಾತನ್ನು ಹದಿನೈದು ವರ್ಷದಿಂದ ನುಂಗಿಕೊಂಡು ಕೂತಿದ್ದರು. ಮಗಳು ಐಶ್ವರ್ಯ ದತ್ತು ಬಂದವಳು.

ಕೊನೆಗೆ ಹೆಂಡತಿ ಪಂಪಮ್ಮ ಗಡುವು ಕೊಟ್ಟಳು. "ಮಂದಿ ಬಾಯಿಂದ ಆಕಿ ಕೇಳೂಕಿಂತ ಮೊದ್ಲ ನೀವ ಹೇಳ್ರಿ. ಬರೂ ಐತವಾರದೊಳಗ."

ರಾಯರಿಗೆ ಧೈರ್ಯ ಬರಲಿಲ್ಲ, ಉಪಾಯ ಬಂತು. ಯುದ್ಧದಲ್ಲಿ ತಾಯಿ ಬಿಟ್ಟುಹೋದ ಕೂಸನ್ನು ಬೇರೆ ಮನೆಯವರು ಸಾಕುವ ತಮಿಳು ಸಿನಿಮಾ ಒಂದಿದೆಯೆಂದು ಯಾರೋ ಹೇಳಿದ್ದರು. ಅದನ್ನು ಟಿವಿಗೆ ಹಾಕಿದರೆ ಹೇಳುವ ಕೆಲಸವನ್ನು ಸಿನಿಮಾದವರೇ ಮಾಡಿ ಮುಗಿಸುತ್ತಾರಲ್ಲ! ಅರ್ಥ ಹೇಳಲು ನೆರೆಮನೆಯ ಉಸ್ಮಾನ್‌ಸಾಬರನ್ನು ಕರೆದರು. ಇಪ್ಪತ್ತು ವರ್ಷ ತಮಿಳುನಾಡಿಗೆ ಅಕ್ಕಿ ಲಾರಿ ಹೊಡೆದವರು, ಗುಟ್ಟೂ ಬಲ್ಲವರು.

ಐತವಾರ ಊಟ ಮುಗಿಸಿ ಎಲ್ಲರೂ ಕೂತರು. ಉಸ್ಮಾನ್‌ಸಾಬರು ಮೊದಮೊದಲು ಚೆನ್ನಾಗಿಯೇ ಹೇಳಿದರು. ಸಿನಿಮಾದ ಸಾಕುತಾಯಿ ಮಗಳನ್ನು ತಬ್ಬಿಕೊಂಡು ನಿಜ ಹೇಳುವಾಗ ಮಾತ್ರ, ಐಶ್ವರ್ಯಳ ಮುಖ ನೋಡಿ ಅರ್ಥ ಹೇಳುವುದನ್ನೇ ನಿಲ್ಲಿಸಿಬಿಟ್ಟರು.

"ಏನಂತಾಳ್ರೀ?" ರಾಯರು ಅವಸರಿಸಿದರು.

"ಏನಿಲ್ರೀ. ಊಟ ಮಾಡಿ ಹೋಗು ಅನ್ನಾಕತ್ಯಾಳ."

"ಊಟಕ್ಕ ಕರ್ಯಾಕ ಹಿಂಗ ಅಳ್ತಾರೇನ್ರೀ?"

"ಭಾಳ ಅಂತಃಕರಣದ ಮಂದಿ ಸಾವುಕಾರ್ರ, ಅಳಕೋತನ ಕರೀತಾರ."

ಪರದೆಯ ಕೆಳಗೆ ಎಲ್ಲವೂ ಇಂಗ್ಲಿಷಿನಲ್ಲಿ ಬರುತ್ತಿದೆ, ಹತ್ತನೇ ತರಗತಿಯ ಹುಡುಗಿಗೆ ಅದನ್ನು ಓದಲು ಬರುತ್ತದೆ ಎಂಬುದು ಈ ಇಬ್ಬರು ಶಾಣ್ಯಾರಿಗೂ ಹೊಳೆದಿರಲಿಲ್ಲ.

"ಕಾಕಾ, ಆಕಿ ಊಟಕ್ಕ ಕರ್ಯಾಕತ್ತಿಲ್ಲ," ಎಂದಳು ಐಶ್ವರ್ಯ. "ನೀ ನನ್ನ ಹೊಟ್ಯಾಗ ಹುಟ್ಟಿಲ್ಲ ಅನ್ನಾಕತ್ಯಾಳ. ಕೆಳಗ ಬರದಾರ." ಟಿವಿ ನಿಲ್ಲಿಸಿ ಅಪ್ಪನ ಕಡೆ ತಿರುಗಿದಳು. "ಇದನ್ನ ನನಗ್ಯಾಕ ತೋರ್ಸಾಕತ್ತಿ ಅಪ್ಪಾ? ನಾನೂ ಹಂಗ ಬಂದಾಕಿ ಏನು?"

ರಾಯರು ಹೌದೆಂದು ತಲೆಯಾಡಿಸಿದರು. ಪಂಪಮ್ಮ ಬಾಯಿಗೆ ಸೆರಗು ಒತ್ತಿಕೊಂಡಳು. ಹುಡುಗಿ ಟಿವಿಯ ಕಡೆ ಕೈ ತೋರಿಸಿದಳು.

"ಆ ಹುಡುಗಿ ತಾಯಿ ಯುದ್ಧಕ್ಕ ಅಂಜಿ ಬಿಟ್ಟಳು. ನಮ್ಮಲ್ಲಿ ಯಾವ ಯುದ್ಧ ಇತ್ತಪ್ಪಾ? ನನ್ನ ಯಾಕ ಬಿಟ್ಟಳು?"

ರಾಯರು ಮಗಳ ಕೈ ಹಿಡಿಯಲು ಹೋಗಿ, ಅಂಜಿ, ಟವೆಲ್ಲಿನಿಂದ ಕಣ್ಣೊರೆಸಿಕೊಂಡರು.

"ಗೊತ್ತಿಲ್ಲವ್ವಾ. ನಿನ್ನ ನಮ್ಮ ಕೈಯಾಗ ಕೊಟ್ಟಾಗ ಅದನ್ನ ಕೇಳಬೇಕಿತ್ತು. ಕೇಳೂ ಎಚ್ಚರ ಇರಲಿಲ್ಲ. ಅಷ್ಟು ಖುಷಿ ಆಗಿತ್ತು ನಮಗ."