ಕೂ ಹಾಕಲು ಮಾತ್ರ ಕರೆದರು

ಶೃಂಗೇರಿ ಕಡೆಯ ಸಿರಿಮನೆ ಊರಿನ ಸಂಪದಾ ಆರು ಸಿನಿಮಾ ಮಾಡಿದ್ದಾಳೆ. ಆದರೆ ಪರದೆಯ ಮೇಲೆ ಅವಳ ದನಿ ಕೇಳಿದವರು ಒಬ್ಬರೂ ಇಲ್ಲ. ಮುಖ ಇವಳದು, ಮಾತು ಬೆಂಗಳೂರಿನ ಡಬ್ಬಿಂಗ್ ಸ್ಟುಡಿಯೋದಲ್ಲಿ ಕೂತ ಇನ್ಯಾರದೋ. "ನಿಮ್ಮ ಕನ್ನಡ ಎಳೆಯುತ್ತೆ ಮೇಡಂ" ಅನ್ನುತ್ತಾರೆ. ಚಿತ್ರರಂಗ ಬೆಳೆಯುತ್ತಿದೆಯಂತೆ. ಬೆಳೆಯಲಿ. ಅದಕ್ಕೆ ನಮ್ಮ ಕಾಡು ಬೇಕು, ಮಂಜು ಬೇಕು, ಜಲಪಾತ ಬೇಕು. ಆ ನೀರಿನ ಪಕ್ಕ ಹುಟ್ಟಿದವಳ ಮಾತು ಮಾತ್ರ ಬೇಡ. ಎಂತಾ ಸೊಕ್ಕು ನೋಡಿ!

ಶೃಂಗೇರಿ ಕಾಲೇಜಿನ ನಾಟಕದಿಂದ ಹೊರಟವಳು ಧಾರಾವಾಹಿಯಲ್ಲಿ ನಾದಿನಿಯಾದಳು, ಸಿನಿಮಾದಲ್ಲಿ ನಾಯಕನ ತಂಗಿಯಾದಳು, ಸುಮ್ಮನೆ ಬಾಯಿ ಆಡಿಸಿದಳು. ಕೊನೆಗೆ ನಾಯಕಿಯ ಪಾತ್ರ ಸಿಕ್ಕಿತು, ಅದೂ ನಮ್ಮ ಕಡೆಯದೇ ಕಥೆ. "ಈ ಸಲ ನಿಮ್ಮದೇ ದನಿ" ಎಂದು ನಿರ್ದೇಶಕ ಮೋಹಿತ್ ಮಾತು ಕೊಟ್ಟ. ಶೂಟಿಂಗ್ ಮುಗಿದದ್ದೇ ತಡ, ಹಳೇ ಕಥೆ. ಇವಳಿಗೆ ಒಂದು ಮಾತೂ ತಿಳಿಸದೆ ಬೇರೆಯವಳಿಂದ ಡಬ್ಬಿಂಗ್ ಮಾಡಿಸಿದ.

ಒಂದು ಕಡೆ ಮಾತ್ರ ಸಿಕ್ಕಿಬಿದ್ದ. ಕಾಡಿನಲ್ಲಿ ದಾರಿ ತಪ್ಪಿದ ತಮ್ಮನಿಗೆ ನಾಯಕಿ ಗುಡ್ಡದ ಮೇಲಿಂದ ಕೂ ಹಾಕುವ ದೃಶ್ಯವದು. ಕಾಡಿಗೆ ಹೋದವರನ್ನು ನಾವು ಹೆಸರು ಹಿಡಿದು ಕರೆಯುವುದಿಲ್ಲ, ಕೂ ಹಾಕುತ್ತೇವೆ. ಕೇಳಿಸಿಕೊಂಡವರು ಯಾರೇ ಆಗಲಿ, ತಿರುಗಿ ಕೂ ಅನ್ನಲೇಬೇಕು. ಸ್ಟುಡಿಯೋದವಳು ಕೂ ಅಂದರೆ ಮಕ್ಕಳು ರೈಲಾಟ ಆಡಿದ ಹಾಗಿತ್ತಂತೆ.

ಮೋಹಿತ್ ಫೋನ್ ಮಾಡಿದ. "ಒಂದು ಕೂ ಹಾಕಿ ಹೋಗಿ ಮೇಡಂ, ಐದು ನಿಮಿಷದ ಕೆಲಸ."

"ಮಾತು?"

"ಅದು ಮುಗಿದುಹೋಗಿದೆ."

"ಹಂಗಾದ್ರೆ ಇದೂ ಮುಗೀತು ಅಂದ್ಕೊಳ್ಳಿ ಮಾರಾಯ್ರೇ. ನಂಗಿರೋದು ಒಂದೇ ಗಂಟಲು. ಬೇಕಾದ್ರೆ ಪೂರಾ ತಗೊಳ್ಳಿ."

"ಮುಂದೆ ಯಾರೂ ಕರೆಯಲ್ಲ, ನೋಡಿ."

ತಾಯಿ ಯಮುನಮ್ಮನಿಗೂ ಅದೇ ಹೆದರಿಕೆ. "ಒಂದು ಕೂ ತಾನೇ, ಹಾಕಿ ಬಾರೇ. ಇಷ್ಟು ವರ್ಷ ಸುಮ್ಮನಿದ್ದೆಯಲ್ಲ."

"ಅದಕ್ಕೇ ಅಮ್ಮ, ಇನ್ನು ಆಗೋದಿಲ್ಲ."

ಹೋಗಲಿಲ್ಲ.

ಊರಿನವರಿಗೆಂದು ಬಾಳಗಡಿಯ ಸಭಾಂಗಣದಲ್ಲಿ ಸಿನಿಮಾ ತೋರಿಸಿದರು. ನಾನೂ ಇದ್ದೆ. ಆ ದೃಶ್ಯ ಬಂತು. ಪರದೆಯ ಸಂಪದಾ ಗುಡ್ಡದ ನೆತ್ತಿಯಲ್ಲಿ ಬಾಯಿ ತೆರೆದಳು. ಕೂ ಬದಲು ಬಂದದ್ದು ಪಿಟೀಲು! ಯಾರೋ ಕಿಸಕ್ಕೆಂದರು. ಅಷ್ಟರಲ್ಲಿ ಕೆಳಗೆ ಕೂತಿದ್ದ ಸಂಪದಾ ಎದ್ದು ನಿಂತಳು, ಬಾಯಿಗೆ ಕೈ ಅಡ್ಡ ಹಿಡಿದು ಕೂ ಹಾಕಿದಳು. ಪಿಟೀಲು ಎಲ್ಲೋ ಮುಳುಗಿಹೋಯಿತು.

"ಕೂತ್ಕೊಳ್ಳಿ ಮೇಡಂ, ಪ್ಲೀಸ್!" ಎಂದ ಮೋಹಿತ್.

ಹಿಂದಿನಿಂದ ಹಿರೇಕೊಡಿಗೆಯ ಮುದುಕ ತಿಮ್ಮಣ್ಣ ಓಗೊಟ್ಟ, "ಕೂ!" ಬಾಗಿಲ ಹತ್ತಿರದಿಂದ ಬಳೆಯಂಗಡಿ ಮಜೀದಾ. ಆಮೇಲೆ ಇಡೀ ಸಭಾಂಗಣ. ಮುಂದಿನ ಮಾತು ಒಂದೂ ಕೇಳಿಸಲಿಲ್ಲ. ಕೇಳಿಸದೆ ಹೋದರೇನು, ಅದು ಅವಳ ಮಾತೇ ಅಲ್ಲವಲ್ಲ!

ಈಗ ಅವಳ ಕೈಯಲ್ಲಿ ಸಿನಿಮಾ ಇಲ್ಲ. ಮೊನ್ನೆ ಯಾರೋ ಹೊಸ ನಿರ್ದೇಶಕರು ಕಥೆ ಹೇಳಲು ಬಂದಿದ್ದರು. ಕಥೆಗೆ ಮೊದಲೇ ಸಂಪದಾ ಕೇಳಿದಳಂತೆ, "ದನಿ ಯಾರದ್ದು?"