ಅಂಗಿ ಹಾಕಿಕೊಂಡು ಬಂದ ಫ್ರಾನೆ

"ಅಕ್ಕಾ, ನಲವತ್ತು ವರ್ಷ ಆ ತೀರಕ್ಕೆ ಹೋಗಿದೀನಿ. ಹುಟ್ಟಿದಾಗ ಹೆಂಗಿದ್ನೋ ಹಂಗೇ ನೀರಿಗಿಳಿದು, ಬಂಡೆ ಮೇಲೆ ಟವೆಲ್ ಹಾಸಿ ಬಿದ್ಕೋತಿದ್ದೆ. ಹೊಟ್ಟೆ ಬಂದೋರು, ಬೆನ್ನು ಬಾಗಿದೋರು, ಎಲ್ಲರೂ ಇರ್ತಿದ್ರು. ಯಾರು ಯಾರನ್ನ ನೋಡ್ತಿದ್ರು ಹೇಳು? ಈಗ ನನಗೆ ಈ ಚೀಲ. ಜನರ ಮಧ್ಯೆ ಗುಡುಗುಡು ಅಂದ್ರೆ? ನೀರಲ್ಲಿ ಕಿತ್ಕೊಂಡು ಬಂದ್ರೆ? ಹೆಂಡ್ತಿ ತೋಂಕಾಗೇ ಇನ್ನೂ ತೋರಿಸಿಲ್ಲ ನಾನು. ಬಚ್ಚಲ ಬಾಗಿಲು ಹಾಕ್ಕೊಂಡು ಬದಲಾಯಿಸ್ತೀನಿ. ಅವಳು ಹೊರಗಿಂದ 'ಆಯ್ತಾ' ಅಂತಾಳೆ. ನಾನು ಬರೀ ಕೆಮ್ತೀನಿ."

ನಮ್ಮ ರಾಬ್ ದ್ವೀಪದಲ್ಲಿ ಕಲ್ಲುಗೋಡೆ ಕಟ್ಟುವ ಫ್ರಾನೆ, ನನ್ನ ಅಂಜೂರದ ಬುಟ್ಟಿಯ ಪಕ್ಕ ಕೂತು ಹೇಳಿದ ಮಾತು ಇದು. ಚಳಿಗಾಲದಲ್ಲಿ ಅವನ ಕರುಳು ಕೊಯ್ದಿದ್ದರು. ಅಂದಿನಿಂದ ಮಲವೆಲ್ಲ ಹೊಟ್ಟೆಯಲ್ಲಿ ಮಾಡಿದ ತೂತಿನಿಂದ, ಅಲ್ಲಿ ಅಂಟಿಸಿದ ಚೀಲಕ್ಕೇ ಇಳಿಯುತ್ತಿತ್ತು.

ಬೆತ್ತಲೆ ತೀರಕ್ಕಿಳಿಯುವ ದಾರಿಯ ತಲೆಯಲ್ಲೇ ನಾನು ಹಣ್ಣು ಮಾರುವುದು. ಅವನ ಹೆಂಡತಿ ತೋಂಕಾ ಪ್ರತಿ ಭಾನುವಾರ ಒಬ್ಬಳೇ ಇಳಿಯುತ್ತಿದ್ದಳು, ಹೆಗಲ ಮೇಲೆ ಎರಡು ಟವೆಲ್. ಒಂದನ್ನು ತನಗೆ ಹಾಸಿ, ಇನ್ನೊಂದನ್ನು ಪಕ್ಕದಲ್ಲಿ ಖಾಲಿ ಹಾಸುತ್ತಿದ್ದಳು.

ಆಗಸ್ಟಿನ ಒಂದು ಭಾನುವಾರ ಫ್ರಾನೆಯೂ ಬಂದ. ಕುತ್ತಿಗೆವರೆಗೆ ಗುಂಡಿ ಹಾಕಿದ ಅಂಗಿ, ಎದೆಗೇರಿಸಿದ ಚಡ್ಡಿ.

"ದೂರದಿಂದ ನೋಡ್ಕೊಂಡು ಬರ್ತೀನಿ ಅಕ್ಕಾ, ಅಷ್ಟೇ."

ಕೈ ಹೊಟ್ಟೆ ಬಿಟ್ಟಿರಲಿಲ್ಲ. ನಾನೂ ಬುಟ್ಟಿ ಎತ್ತಿಕೊಂಡು ಹಿಂದೆಯೇ ಇಳಿದೆ.

ಬಟ್ಟೆ ತೊಟ್ಟು ಬಂಡೆ ಮರೆಯಲ್ಲಿ ನಿಂತವನನ್ನು ಅಲ್ಲಿ ಏನೆಂದುಕೊಳ್ಳುತ್ತಾರೆ ಅನ್ನುವುದನ್ನು ಅವನು ಮರೆತೇಬಿಟ್ಟಿದ್ದ. ಆ ವರ್ಷವಷ್ಟೇ ಬರತೊಡಗಿದ್ದ ಸ್ಲೊವೇನಿಯಾದ ಮುದುಕಿ ಮಾಯ್ದಾ ದಡಕ್ಕನೆ ಎದ್ದಳು.

"ಏಯ್! ಕದ್ದು ನೋಡೋಕೆ ನಾಚ್ಕೆ ಆಗಲ್ವಾ? ಬಿಚ್ಚು, ಇಲ್ಲಾ ಜಾಗ ಖಾಲಿ ಮಾಡು!"

ನಲವತ್ತು ವರ್ಷ ಯಾರೂ ನೋಡದವನನ್ನು ಈಗ ತೀರವೆಲ್ಲ ತಿರುಗಿ ನೋಡಿತು. ಫ್ರಾನೆಯ ಮುಖ ಸುಣ್ಣವಾಯಿತು.

"ಅವ್ರು ನನ್ನ ಯಜಮಾನ್ರು ಕಣ್ರೀ!" ತೋಂಕಾ ಓಡಿಬಂದಳು.

"ಹೆಂಡ್ತಿ ಬರಿಮೈಲಿ, ಗಂಡಂಗೆ ಮದುವೆ ಅಂಗಿ! ಚೆನ್ನಾಗಿದೆ!" ಎಂದಳು ಮಾಯ್ದಾ.

ಯಾರೋ ನಕ್ಕರು. ಫ್ರಾನೆ ದಾರಿಯ ಕಡೆ ನೋಡಿದ, ತೋಂಕಾಳ ಪಕ್ಕದ ಖಾಲಿ ಟವೆಲ್ಲಿನ ಕಡೆ ನೋಡಿದ. "ಹೋಗಲ್ಲ ನಾನು," ಎಂದವನೇ ಒಂದೊಂದೇ ಗುಂಡಿ ಬಿಚ್ಚಿದ. ಆಮೇಲೆ ಚಡ್ಡಿ. ಚೀಲ ಅದೇ ಹೊತ್ತಿಗೆ ಗುಡುಗುಡು ಅಂದಿತು. ತೋಂಕಾ ಅದನ್ನು ಮೊದಲ ಸಲ ನೋಡಿದಳು.

"ಇಷ್ಟಕ್ಕಾ?" ಮಾಯ್ದಾ ಮಗ್ಗುಲಾಗಿ ತನ್ನ ಸೊಂಟದ ಉದ್ದನೆಯ ಹೊಲಿಗೆ ಗುರುತು ತೋರಿಸಿದಳು. "ಟವೆಲ್ ಇಲ್ದೆ ಕೂರ್ಬೇಡ ಮಾರಾಯ, ಬಂಡೆ ಕಾದಿದೆ."

ಅಷ್ಟೇ. ಎಲ್ಲರೂ ತಮ್ಮ ತಮ್ಮ ಇಸ್ಪೀಟಿಗೆ, ನಿದ್ದೆಗೆ ತಿರುಗಿದರು. ಫ್ರಾನೆ ಅಂದು ಮೊಣಕಾಲುದ್ದಕ್ಕಿಂತ ಆಳಕ್ಕೆ ಇಳಿಯಲಿಲ್ಲ, ಒಂದು ಕೈ ಚೀಲದ ಮೇಲೇ ಇತ್ತು.

ಮರುದಿನ ಅಂಜೂರ ಕೊಡಲು ಅವರ ಮನೆಗೆ ಹೋದೆ. ಬಚ್ಚಲ ಬಾಗಿಲು ತೆರೆದಿತ್ತು. ಅಡುಗೆಮನೆ ಮೇಜಿನ ಮೇಲೆ ಹೊಸ ಚೀಲ, ಅದರ ಬಾಯಿಗೆ ಹೊಟ್ಟೆಯ ತೂತಿನ ಅಳತೆಗೆ ಎಳೆದ ಪೆನ್ಸಿಲ್ಲಿನ ಗುಂಡು ಗೆರೆ.

"ಹೆಚ್ಚು ಅಗಲ ಆದ್ರೆ ಸೋರುತ್ತೆ ಕಣೇ," ಎಂದ ಫ್ರಾನೆ, ಗಾಬರಿಯಲ್ಲಿ.

"ನಿಮ್ಮ ಕೈ ನಡುಗ್ತಿದೆ. ಕೊಡಿ ಇಲ್ಲಿ."

ತೋಂಕಾ ಕತ್ತರಿ ಇಸಿದುಕೊಂಡು ಗೆರೆಯ ಮೇಲೆ ಮೆಲ್ಲಗೆ ಕತ್ತರಿಸತೊಡಗಿದಳು.