ರೊಟ್ಟಿ ಬುಟ್ಟಿಯೊಳಗಿನ ಹುಡುಗಿ

ನನ್ನ ತಂಗಿಗೆ ನಾನು ಒಂದು ಮಾತು ಹೇಳಬೇಕಾಗಿತ್ತು. ಹೇಳಲಿಲ್ಲ. ಕಳೆದುಹೋದ ಪುಸ್ತಕಕ್ಕಾಗಿ ಅವಳು ಗೋಡೆಯ ಮಾಡ, ಹಾಸಿಗೆಯ ಸುರುಳಿ, ಕಾಳಿನ ಚೀಲಗಳ ಸಂದು ಎಲ್ಲ ತಡಕಾಡುವಾಗ ನಾನು ಅಲ್ಲೇ ರೊಟ್ಟಿ ಬಡಿಯುತ್ತ ಕೂತಿದ್ದೆ. ಅದು ಏನಾಯಿತೆಂದು ನನಗೊಬ್ಬಳಿಗೇ ಗೊತ್ತಿತ್ತು.

ಆಗ ನಾವು ಮುರಗೋಡದಲ್ಲಿದ್ದೆವು. ಅವ್ವನಿಗೆ ಸೊಂಟನೋವು ಶುರುವಾದ ಮೇಲೆ ನಾನು ನಾಲ್ಕನೆಯ ಇಯತ್ತೆಗೇ ಶಾಲೆ ಬಿಟ್ಟು ಒಲೆಯ ಮುಂದೆ ಕೂತೆ. ನನಗೆ ಅಕ್ಷರ ಬರುತ್ತಿದ್ದವು, ಆದರೆ ಒಂದು ಸಾಲು ಕೂಡಿಸಿ ಓದಿ ಮುಗಿಸುವಷ್ಟರಲ್ಲಿ ಅದರ ಮೊದಲಿನ ಮಾತು ಮರೆತಿರುತ್ತಿತ್ತು. ತಂಗಿ ಹಾಗಲ್ಲ, ನೀರು ಕುಡಿದಂತೆ ಓದುತ್ತಿದ್ದಳು. ಅವಳಿಗೆಂದು ಸೋದರಮಾವ ಬೈಲಹೊಂಗಲದ ಸಂತೆಯಿಂದ ಒಂದು ಹಳೆಯ ಪುಸ್ತಕ ತಂದುಕೊಟ್ಟ. ರಟ್ಟು ಕಿತ್ತುಹೋಗಿತ್ತು. ಹಾಗಾಗಿ ಅದರ ಹೆಸರೇನೆಂದು ನಮಗೆ ಕೊನೆಗೂ ತಿಳಿಯಲಿಲ್ಲ.

ಅದರಲ್ಲಿ ಹಳದಿ ಅಂಗಿಯ ಒಬ್ಬ ಹುಡುಗಿ ಇದ್ದಳು. ಊರ ಬಾವಿಗೆ ನೀರು ಎಲ್ಲಿಂದ ಬರುತ್ತದೆ ಎಂದು ಸಿಕ್ಕವರನ್ನೆಲ್ಲ ಕೇಳುತ್ತಾಳೆ. ಯಾರೂ ಸರಿಯಾಗಿ ಹೇಳುವುದಿಲ್ಲ. ಕಡೆಗೆ ತಾನೇ ಹುಡುಕುತ್ತ ಹೊರಡುತ್ತಾಳೆ. ಸಂಜೆ ನಾನು ರೊಟ್ಟಿ ಬಡಿಯುವಾಗ ತಂಗಿ ಒಲೆಯ ಬೆಳಕಿಗೆ ಪುಸ್ತಕ ಹಿಡಿದು ಓದುತ್ತಿದ್ದಳು. ಚಿತ್ರ ಬಂದಾಗ ನನ್ನ ಕಡೆ ತಿರುಗಿಸುತ್ತಿದ್ದಳು. ನಾನು ಕೈ ನಿಲ್ಲಿಸಿ ಕೇಳುತ್ತಿದ್ದೆ.

"ಹಂಗಾರ ನಮ್ಮ ಬಾವಿಗಿ ಎಲ್ಲಿಂದ ಬರತೈತಿ?" ಎಂದೆ ಒಂದು ಸಂಜೆ.

"ನಡಿ, ನಾಳೆ ನೋಡೂಣು."

ಮರುದಿನ ಇಬ್ಬರೂ ಹಿತ್ತಲ ಬಾವಿಯ ಮೆಟ್ಟಿಲಿಳಿದು ಕಲ್ಲಿಗೆ ಕಿವಿಯಿಟ್ಟೆವು. ಒಂದು ಸಂದಿನಲ್ಲಿ ಹಸಿರು ಪಾಚಿ, ಪಾಚಿಯ ತುದಿಯಿಂದ ತೊಟ್ಟಿಕ್ಕುವ ನೀರು. ತಂಗಿ ಬೆರಳಿಟ್ಟು, "ಸಿಕ್ಕತು!" ಎಂದು ಕೂಗಿದಳು. ಬಾವಿಯೂ ಕೂಗಿತು. ಶಾಲೆ ಬಿಟ್ಟ ಮೇಲೆ ನಾನು ಏನನ್ನಾದರೂ ಕಂಡುಹಿಡಿದದ್ದು ಅಂದೇ. ಇಂದಿಗೂ ಎಲ್ಲಾದರೂ ಪಾಚಿಗಟ್ಟಿದ ಕಲ್ಲು ಕಂಡರೆ ನನ್ನ ಕೈ ತಾನಾಗಿ ಮುಂದೆ ಹೋಗುತ್ತದೆ.

"ನೀ ಇಲ್ದ ಮುಂದ ಓದೂದಿಲ್ಲ ಯಕ್ಕ, ನಿನ್ನಾಣಿ," ಎಂದು ಅವಳು ಮಾತು ಕೊಟ್ಟಿದ್ದಳು.

ಒಂದು ಮಧ್ಯಾಹ್ನ ನಳದ ಹತ್ತಿರ ಅವಳ ಗೆಳತಿ, ನಮ್ಮ ಓಣಿಯವಳೇ, ಕೊಡ ತುಂಬುತ್ತ ಕೇಳಿದಳು: "ಯಕ್ಕಾ, ಆ ಹುಡುಗಿ ಗವಿಯೊಳಗ ಹೋದ್ಲಲ್ಲ, ನಿನಗ ಅಂಜಿಕಿ ಬರಲಿಲ್ಲೇನ?"

ನಾನು ಕೇಳಿದ್ದ ಕಥೆಯಲ್ಲಿ ಆ ಹುಡುಗಿ ಇನ್ನೂ ಅತ್ತಿಮರದ ಕೆಳಗೇ ಇದ್ದಳು. ನನ್ನ ಮುಖ ನೋಡಿ ಗೆಳತಿಗೆ ನಗು ಬಂತು. "ಅಯ್ಯ, ನಾವಿಬ್ರೂ ಗವಿ ತನಕ ಓದೇವಿ, ನಿನಗಿನ್ನೂ ಓದಿ ಹೇಳಿಲ್ಲನ? ಮತ್ತ ಬ್ಯಾಸರ ಬರತೈತಿ ಅಕಿಗೆ. ಒಂದ ಹಾಳಿ ನಿನಗ ತಿಳೀಬೇಕಂದ್ರ ಹೊತ್ತ ಮುಳಗತೈತೆಂತ, ಅಕಿನ ಅಂದ್ಲು."

ನಾನು ಅರ್ಧ ಕೊಡ ಹೊತ್ತು ಮನೆಗೆ ಬಂದೆ. ತಂಗಿಗೆ ಏನೂ ಅನ್ನಲಿಲ್ಲ.

ಅದೇ ದಿನಗಳಲ್ಲಿ ಅವ್ವ ರೊಟ್ಟಿ ಬುಟ್ಟಿ ಮಾಡಲು ಕಾಗದ ನೆನೆಹಾಕಿದ್ದಳು. ನಮ್ಮ ಕಡೆ ಹಳೆಯ ಕಾಗದವನ್ನು ನೀರಲ್ಲಿ ಕೊಳೆಸಿ, ನೆನೆದ ಮೆಂತ್ಯ ಸೇರಿಸಿ ಒರಳಿನಲ್ಲಿ ಕುಟ್ಟಿ, ಬೋರಲು ಹಾಕಿದ ಕೊಡದ ಮೇಲೆ ಮೆತ್ತಿ ಒಣಗಿಸುತ್ತಾರೆ. ಕೊಡದಿಂದ ಬಿಡಿಸಿದರೆ ಗಟ್ಟಿ ಬುಟ್ಟಿ. ಓದು ಬಾರದ ಅವ್ವ ಮೂಲೆಯಲ್ಲಿದ್ದ ಕಾಗದವನ್ನೆಲ್ಲ ಬಾಚಿ ಹಾಕಿದ್ದಳು. ಮರುದಿನ ಬೆಳಿಗ್ಗೆ ನಾನು ಕೈಹಾಕಿ ತಿರುವಿದಾಗ ಹಳದಿ ಅಂಗಿಯ ಹುಡುಗಿ ಮೇಲೆ ಬಂದಳು. ರಟ್ಟಿಲ್ಲದ ಪುಸ್ತಕ ಅವ್ವನ ಕಣ್ಣಿಗೆ ರದ್ದಿಯಾಗಿ ಕಂಡಿತ್ತು.

ಹಾಳೆಗಳು ಇನ್ನೂ ಕರಗಿರಲಿಲ್ಲ. ಮಾಳಿಗೆಯ ಮೇಲೆ ಬಿಸಿಲಿಗೆ ಹರವಿದ್ದರೆ ಒಣಗುತ್ತಿದ್ದವು. ನೀರಿಗೆ ಹಾಕಿದ್ದು ಅವ್ವ, ತಿಳಿಯದೆ. ಕುಟ್ಟಿದ್ದು ನಾನು, ತಿಳಿದು. ಯಾರಾದರೂ ಬರುವುದರೊಳಗೆ ಮುಗಿಯಲಿ ಎಂದು ಸರಿಯಾಗಿ ನುಣ್ಣಗೂ ಮಾಡಲಿಲ್ಲ.

ಪುಸ್ತಕ ಕೊನೆಗೆ ಕಂಡದ್ದು ಗೆಳತಿಯ ಕೈಯಲ್ಲಿ ಎಂದು ತಂಗಿ ಅವಳ ಬಾಗಿಲಿಗೆ ಹೋದಳು. "ನನ್ನ ಪುಸ್ತಕ ಕೊಡ, ಕಳ್ಳಿ!" ಎಂದು ಅವಳು ಚೀರಿದ್ದು ನಮ್ಮ ಒಲೆಯ ತನಕ ಕೇಳಿಸಿತು. "ತಿರುಗಿ ಕೊಟ್ಟೇನಿ ನಾ, ನಮ್ಮವ್ವನಾಣಿ!" ಎಂದು ಆ ಹುಡುಗಿ ಅಳುತ್ತಿದ್ದಳು. ಆಮೇಲೆ ಅವರಿಬ್ಬರೂ ಮಾತಾಡಲಿಲ್ಲ. ಗೆಳತಿಯನ್ನು ಮುನವಳ್ಳಿಗೆ ಕೊಟ್ಟರು. ತಂಗಿ ಮದುವೆಯ ಅಕ್ಷತೆಗೂ ಹೋಗಲಿಲ್ಲ.

ಗೆಳತಿ ದೂರವಾದರೆ ತಂಗಿ ಮತ್ತೆ ನನ್ನವಳಾಗುತ್ತಾಳೆ ಎಂದುಕೊಂಡಿದ್ದೆ. ಅವಳು ಒಲೆಯ ಬಳಿ ಕೂರುವುದನ್ನೇ ಬಿಟ್ಟಳು. ಬೇರೆ ಪುಸ್ತಕಗಳು ಬಂದವು, ಕಟ್ಟೆಯ ಮೇಲೆ ಕೂತು ಒಳಗೊಳಗೇ ಓದಿಕೊಂಡಳು. "ಜೋರಾಗಿ ಓದವ್ವ," ಎನ್ನಲು ನನಗೆ ಬಾಯಿ ಬರಲಿಲ್ಲ.

ಬುಟ್ಟಿ ಮಾತ್ರ ನನ್ನ ಜೊತೆ ಬಂತು. ನನ್ನನ್ನು ಮದುವೆ ಮಾಡಿ ಬೈಲಹೊಂಗಲಕ್ಕೆ ಕಳಿಸುವಾಗ ಅವ್ವ ಅದರ ತುಂಬ ರೊಟ್ಟಿ ಇಟ್ಟುಕೊಟ್ಟಳು. ಅಂದಿನಿಂದ ದಿನಾಲೂ ಅದರೊಳಗೆ ಕೈಹಾಕುತ್ತಿದ್ದೇನೆ.

ತಂಗಿ ಈಗ ರಾಮದುರ್ಗದಲ್ಲಿದ್ದಾಳೆ, ಅಂಗನವಾಡಿ ಟೀಚರ್. ಯಾವ ಊರಿಗೆ ಹೋದರೂ ಪುಸ್ತಕದ ಅಂಗಡಿ ಹೊಕ್ಕು ಬಾವಿಯ ನೀರು ಹುಡುಕುವ ಹುಡುಗಿಯ ಕಥೆ ಕೇಳುತ್ತಾಳೆ. "ಹೆಸರ ಹೇಳ್ರಿ ಅಕ್ಕಾರ, ಬರೇ ಬಾವಿ ಅಂದ್ರ ಹೆಂಗ ಹುಡುಕೂದ್ರಿ?" ಎಂದು ಅಂಗಡಿಯವರು ನಗುತ್ತಾರಂತೆ. ಅದು ಸಿಗದೆ, ಅದರಂಥವನ್ನು ತರುತ್ತಾಳೆ. ಚಿಟ್ಟೆಯ ಹಿಂದೆ ಹೋಗುವ ಮಗು, ನೆರಳನ್ನು ಅಳೆಯುವ ಮಗು. ಎಲ್ಲ ತನ್ನ ಮಗಳಿಗೆ ಓದಿಹೇಳುತ್ತಾಳೆ.

ಅವ್ವ ತೀರಿದ ಮೇಲೆ ಅವಳಿಗೆ ನನ್ನ ಮನೆಯೇ ತವರು. ಈ ಸಲ ರೊಟ್ಟಿ ಪಂಚಮಿಗೆ ಮಗಳೊಂದಿಗೆ ಬಂದಳು. ನಾಗರ ಪಂಚಮಿಯ ದಿನ ಒಲೆಯ ಮೇಲೆ ಹಂಚು ಇಡುವುದಿಲ್ಲವೆಂದು ಹಿಂದಿನ ದಿನವೇ ರಾಶಿ ರೊಟ್ಟಿ ಮಾಡುತ್ತೇವೆ. ಪಡಸಾಲೆಯಲ್ಲಿ ಅವಳು ಮಗಳಿಗೆ ಓದುತ್ತಿದ್ದಳು. ಕೇಳಿಸಲಿ ಎಂದು ನಾನು ಮೆಲ್ಲಗೆ ಬಡಿಯುತ್ತಿದ್ದೆ. ಚಿತ್ರ ಬಂದಾಗ ಅವಳ ದನಿ ಈಗಲೂ ಸ್ವಲ್ಪ ನಿಲ್ಲುತ್ತದೆ.

ಮಗು ರೊಟ್ಟಿಗೆಂದು ಒಳಗೆ ಬಂದು ಬುಟ್ಟಿಯ ಅಂಚು ಕೆರೆಯತೊಡಗಿತು.

"ದೊಡ್ಡವ್ವಾ, ಇದನ್ನ ಯಾತರ್ಲೆ ಮಾಡೀರಿ?"

"ಕಾಗದಲೆ, ನನ ಕೂಸ."

"ಹಂಗಾರ ಆ ಕಾಗದದಾಗ ಏನ ಬರದಿತ್ತು?"

ಇಷ್ಟು ವರ್ಷ ಇದನ್ನು ಯಾರೂ ಕೇಳಿರಲಿಲ್ಲ. ಮಗು ಬುಟ್ಟಿಯನ್ನು ಬಾಗಿಲ ಬಿಸಿಲಿಗೆ ಒಯ್ದು, "ಅವ್ವಾ, ಸಿಕ್ಕತು! ಇಲ್ಲಿ ಹಳದಿ ಐತಿ, ಇಲ್ಲೆ ಅರ್ಧ ಅಕ್ಷರ ಐತಿ!" ಎಂದು ಕುಣಿಯಿತು.

"ಬುಟ್ಟಿನೂ ಬಿಡಬ್ಯಾಡ, ತಿಂದ ಬಿಡ," ಎಂದು ನಗುತ್ತ ತಂಗಿ ಬಂದಳು. ಬುಟ್ಟಿ ತಗೊಂಡು ಆ ಹಳದಿ ಚೂರಿನ ಮೇಲೆ ಹೆಬ್ಬೆರಳು ಆಡಿಸಿದಳು. "ಯಕ್ಕ, ಆ ಹುಡುಗಿ ಅಂಗಿನೂ ಇದ ಬಣ್ಣ ಇತ್ತು, ನೆನಪೈತಿ?"

ಅವಳ ದನಿಯಲ್ಲಿ ಸಂಶಯವಿರಲಿಲ್ಲ, ಆಸೆ ಇತ್ತು. "ಹೂಂ" ಎಂದಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಹಂಚಿನ ಮೇಲೆ ರೊಟ್ಟಿ ಸೀಯುತ್ತಿತ್ತು. ಅದನ್ನು ಇಳಿಸಿ, ಕೈ ಒರೆಸಿಕೊಂಡು ಎದ್ದು ನಿಂತೆ.

"ಅಕಿನ ಅದು. ನಿನ್ನ ಪುಸ್ತಕ ಯಾರೂ ಕದ್ದಿಲ್ಲ ತಂಗಿ. ನೀರಾಗಿಂದ ತಗದ ಒಣಗಿಸಿ ಕೊಡಬಹುದಿತ್ತು, ನಾ ಸಿಟ್ಟಿಲೆ ಕುಟ್ಟಿಬಿಟ್ಟೆ. ಆ ಹುಡುಗಿಗೆ ನೀರ ಸಿಕ್ಕತೋ ಇಲ್ಲೋ, ನಿನಗ ತಿಳೀಲಾರದಂಗ ಮಾಡಿದೆ. ಪಾಪ, ನಿನ್ನ ಗೆಳತಿ ಕಳ್ಳಿ ಅನ್ನಿಸ್ಕೊಂಡ್ಲು, ಬಾಯಿ ಮುಚ್ಚಗೊಂಡ ಕುಂತೆ. ಮುನವಳ್ಳಿಗೆ ನಾನೂ ಬರತೇನಿ, ಅಕಿ ಮುಂದೂ ಹೇಳತೇನಿ. ತಪ್ಪಾತವ್ವ. ನನ್ನದ ತಪ್ಪಾತು."